ಮೈದಾನಕ್ಕೆ ಬೆನ್ನು ಹಾಕಿ ನಿಂತವನು

ಸ್ಯಾಂಟಾ ಕ್ಲಾರಾದ ಸ್ಟೇಡಿಯಮ್ಮಿನಲ್ಲಿ ಸೂಪರ್ ಬೌಲ್ ನಡೆದ ದಿನ ಮೊದಲಿನಿಂದ ಕೊನೆಯವರೆಗೆ ಅಲ್ಲೇ ಇದ್ದು, ಒಂದು ನಿಮಿಷದ ಆಟವನ್ನೂ ನೋಡದೆ ಮನೆಗೆ ಬಂದ ಕನ್ನಡಿಗ ಯಾರಾದರೂ ಇದ್ದರೆ ಅವನು ದ್ವಾರಕಾನಾಥ. ಅಮೆರಿಕನ್ ಫುಟ್‌ಬಾಲಿನಲ್ಲಿ ವರ್ಷಕ್ಕೊಂದೇ ಬಾರಿ ನಡೆಯುವ, ಎಲ್ಲಕ್ಕಿಂತ ದೊಡ್ಡ ಪಂದ್ಯ ಅದು. ಅವನು ನಿಂತಿದ್ದ ಜಾಗವೋ, ಎಂಥವರಿಗೂ ಹೊಟ್ಟೆಕಿಚ್ಚು ಬರಿಸುವಂಥದ್ದು. ಮುಂದಿನ ಸಾಲುಗಳ ಮೆಟ್ಟಿಲಿನ ಬುಡ, ಬೆನ್ನ ಹಿಂದೆ ಸೊಂಟದೆತ್ತರದ ಗೋಡೆ, ಗೋಡೆಯ ಆಚೆ ಹಸಿರು ಹುಲ್ಲು, ಹುಲ್ಲಿನ ಮೇಲೆ ಎಳೆದ ಕೊನೆಯ ಬಿಳಿ ಗೆರೆ. ಆದರೆ ಇವನು ಆ ಹುಲ್ಲಿಗೂ ಆ ಗೆರೆಗೂ ಬೆನ್ನು ಹಾಕಿ, ಜನರ ಕಡೆಗೆ ಮುಖ ಮಾಡಿ ನಿಂತಿದ್ದ. ಅವನ ಕೆಲಸವೇ ಅದು.

ಹಳದಿ ಜಾಕೆಟ್ಟು, ಬೆನ್ನ ಮೇಲೆ ದೊಡ್ಡ ಕಪ್ಪು ಅಕ್ಷರಗಳಲ್ಲಿ ‘ಸೆಕ್ಯುರಿಟಿ’ ಎಂದು ಬರೆದದ್ದು. ಯಾರೂ ಮೆಟ್ಟಿಲಿಳಿದು ಗೋಡೆಯ ಹತ್ತಿರ ಬರದಂತೆ, ಗೋಡೆ ಹಾರಿ ಮೈದಾನಕ್ಕೆ ಇಳಿಯದಂತೆ ನೋಡಿಕೊಳ್ಳಬೇಕು. ಅದಕ್ಕಾಗಿ ಜನರನ್ನೇ ದಿಟ್ಟಿಸುತ್ತಿರಬೇಕು. ಹಿಂದೆ ತಿರುಗಿ ಆಟ ನೋಡಿದವನನ್ನು ಆ ಕ್ಷಣದಲ್ಲೇ ಮನೆಗೆ ಕಳಿಸುತ್ತಾರೆ. ಹಬ್ಬದ ಅಡುಗೆಯನ್ನೆಲ್ಲ ಬಡಿಸಿಯೂ ಊಟಕ್ಕೆ ಕೂರಬಾರದು ಎಂದ ಹಾಗೆ ಈ ನಿಯಮ. ಬೇರೆ ಯಾರಾದರೂ ಆಗಿದ್ದರೆ ಗೊಣಗಿಯೇ ಸಾಯುತ್ತಿದ್ದರು. ದ್ವಾರಕಾನಾಥನಿಗೆ ಈ ಕೆಲಸ ಇಷ್ಟವಾಗಿತ್ತು.

ಯಾಕೆ ಇಷ್ಟವಾಯಿತು ಎಂದು ತಿಳಿಯಬೇಕಾದರೆ ಅವನ ಹಿಂದಿನ ಕೆಲಸವನ್ನು ತಿಳಿಯಬೇಕು. ಮೈಸೂರಿನ ಒಂಟಿಕೊಪ್ಪಲಿನಲ್ಲಿ ಬೆಳೆದು, ಅಲ್ಲೇ ಇಂಜಿನಿಯರಿಂಗ್ ಓದಿ, ಇನ್ನೂ ಮೂವತ್ತು ತುಂಬುವ ಮೊದಲೇ ಈ ಕಡೆ ಬಂದವನು. ಬಂದಂದಿನಿಂದ ಒಂದೇ ಬಗೆಯ ಕೆಲಸ: ಬೇರೆಯವರು ಬರೆದ ಸಾಫ್ಟ್‌ವೇರಿನಲ್ಲಿ ತಪ್ಪು ಹುಡುಕಿ, “ಇದು ಇನ್ನೂ ಆಗಿಲ್ಲ, ಹೊರಗೆ ಬಿಡಬೇಡಿ” ಎನ್ನುವುದು. ಬರೆದವರಿಗೆ ಚಪ್ಪಾಳೆ, ಬಡ್ತಿ, ಕೇಕು. ತಡೆದವನಿಗೆ ಮೀಟಿಂಗಿನಲ್ಲಿ ಎಲ್ಲರ ಮುನಿಸು. ಆಗದೇ ಉಳಿದ ಅನಾಹುತಕ್ಕೆ ಯಾರಾದರೂ ಕೇಕು ಕತ್ತರಿಸಿದ್ದನ್ನು ನಾನಂತೂ ಕಂಡಿಲ್ಲ. ದ್ವಾರಕಾನಾಥ ಅದಕ್ಕೆಲ್ಲ ತಲೆ ಕೆಡಿಸಿಕೊಳ್ಳುತ್ತಿರಲಿಲ್ಲ. ಜಪ್ಪಯ್ಯ ಎಂದರೂ ಅಲುಗುತ್ತಿರಲಿಲ್ಲ. ಹಾಗಾಗಿ ಎರಡು ವರ್ಷದ ಹಿಂದೆ ಕಂಪನಿಯವರು ಜನರನ್ನು ಕಡಿಮೆ ಮಾಡಲು ಕೂತಾಗ ಅವನ ಹೆಸರು ಮೊದಲಿಗೇ ಬಂದದ್ದರಲ್ಲಿ ಆಶ್ಚರ್ಯವೇನೂ ಇಲ್ಲ.

ಫುಟ್‌ಬಾಲ್ ನೋಡುವುದರಲ್ಲೂ ಅವನದು ಅದೇ ಬುದ್ಧಿ. ಅವನ ಕಾಲೇಜು ಗೆಳೆಯ ಅರವಿಂದ ಕ್ಯುಪರ್ಟಿನೋದಲ್ಲಿ ದೊಡ್ಡ ಮನೆ ಮಾಡಿಕೊಂಡಿದ್ದ. ಪ್ರತಿ ವರ್ಷ ಸೂಪರ್ ಬೌಲ್ ದಿನ ಅಲ್ಲಿ ಕನ್ನಡದವರ ಜಾತ್ರೆ ಸೇರುತ್ತಿತ್ತು. ಒಂದು ಕಡೆ ಬಿಸಿಬೇಳೆಬಾತು, ಮದ್ದೂರು ವಡೆ, ಇನ್ನೊಂದು ಕಡೆ ಚಿಪ್ಸು. ಹೆಂಗಸರು ಒಳಗೆ ತಂಬೋಲಾ ಆಡುತ್ತಿದ್ದರು. ಗಂಡಸರು ಗೋಡೆಯಗಲದ ಟೀವಿಯ ಮುಂದೆ ಕೂತು ಯಾರ ಮನೆಗೆ ಎಷ್ಟು ಬೆಲೆ ಬಂತು ಎಂದು ಮಾತಾಡುತ್ತಿದ್ದರು. ಜಾಹೀರಾತು ಬಂದಾಗ ಮಾತ್ರ ಎಲ್ಲರೂ ಶ್ಶ್ ಎಂದು ಸುಮ್ಮನಾಗುತ್ತಿದ್ದರು. ಆಟವನ್ನು ಆಟವೆಂದು ನೋಡುತ್ತಿದ್ದವನು ಕಾರ್ಪೆಟ್ಟಿನ ಮೇಲೆ ಚಕ್ಕಳಮಕ್ಕಳ ಹಾಕಿ ಕೂತ ದ್ವಾರಕಾನಾಥ ಒಬ್ಬನೇ.

ಆಟದ ತಿರುಳು ಕಷ್ಟವೇನಲ್ಲ. ಚೆಂಡು ಹಿಡಿದವರು ಹತ್ತು ಗಜ ಮುಂದೆ ಸಾಗಬೇಕು, ಅದಕ್ಕೆ ನಾಲ್ಕು ಅವಕಾಶ. ಸಾಗಿದರೆ ಮತ್ತೆ ನಾಲ್ಕು ಅವಕಾಶ, ಇಲ್ಲದಿದ್ದರೆ ಚೆಂಡು ಎದುರಾಳಿಗೆ. ಹೀಗೆ ಮುಂದೊತ್ತುತ್ತ ಕೊನೆಯ ಗೆರೆ ದಾಟಿಬಿಟ್ಟರೆ ದೊಡ್ಡ ಅಂಕ. ದಾಟಲು ಆಗದಿದ್ದಾಗ ಚೆಂಡನ್ನು ಒದ್ದು ಕಂಬಗಳ ನಡುವೆ ತೂರಿಸಿದರೆ ಸಮಾಧಾನಕ್ಕೆಂದು ಮೂರು ಅಂಕ. ಊರೆಲ್ಲ ಚೆಂಡು ಹಿಡಿದು ಓಡುವವನ ಹಿಂದೆ ಕಣ್ಣು ಓಡಿಸಿದರೆ, ದ್ವಾರಕಾನಾಥ ಎದುರು ನಿಂತು ತಡೆಯುವವರನ್ನೇ ನೋಡುತ್ತಿದ್ದ. ಚೆಂಡು ಕೈ ಬದಲಾದಾಗ ಅವನ ಪಕ್ಷವೂ ಬದಲಾಗುತ್ತಿತ್ತು.

“ಯಾರ ಕೈಲಿ ಬಾಲ್ ಇಲ್ವೋ ಅವರ ಪಾರ್ಟಿ ಕಣ್ರೋ ಇವನು,” ಎಂದು ಅರವಿಂದ ವರ್ಷ ವರ್ಷವೂ ಅವನ ಕಾಲೆಳೆಯುತ್ತಿದ್ದ. ಎಲ್ಲರೂ ನಗುತ್ತಿದ್ದರು, ದ್ವಾರಕಾನಾಥನೂ ನಗುತ್ತಿದ್ದ.

ಕೆಲಸ ಹೋದ ಮೇಲೆ ಒಂದು ವರ್ಷ ಇಂಟರ್‌ವ್ಯೂಗಳಿಗೆ ಅಲೆದ. ಎದುರು ಕೂತವರೆಲ್ಲ ನಿನ್ನೆ ಮೊನ್ನೆ ಕಾಲೇಜು ಮುಗಿಸಿದ ಮಕ್ಕಳು. ಅವರು “ನಿಮ್ಮ ಅನುಭವ ತುಂಬ ದೊಡ್ಡದು” ಎಂದಾಗಲೇ ಅವನಿಗೆ ಉತ್ತರ ಗೊತ್ತಾಗುತ್ತಿತ್ತು. ಕ್ಯಾಂಪ್‌ಬೆಲ್ಲಿನ ಅವನ ಬಾಡಿಗೆ ಅಪಾರ್ಟ್‌ಮೆಂಟಿನಲ್ಲಿ ಸೋಫಾದ ಒಂದು ಮೂಲೆ ಅವನು ಕೂತು ಕೂತು ಗುಂಡಿ ಬಿತ್ತು. ಹೆಂಡತಿ ನಿರುಪಮಾ ಹತ್ತಿರದ ಡೇಕೇರಿನಲ್ಲಿ ಮಕ್ಕಳನ್ನು ನೋಡಿಕೊಳ್ಳುತ್ತಿದ್ದಳು. ಸಂಜೆ ಬಂದವಳು ಮೊದಲು ನೋಡುತ್ತಿದ್ದದ್ದು ಆ ಮೂಲೆಯನ್ನು. ಬೆನ್ನು ಬಾಗಿಸಿಕೊಂಡು, ಕೈಗಳನ್ನು ತೊಡೆಗಳ ನಡುವೆ ಇಟ್ಟುಕೊಂಡು, ಯಾರದೋ ಮನೆಗೆ ಬಂದವನ ಹಾಗೆ ಕೂತಿರುತ್ತಿದ್ದ. ಅವಳು ಹೋಗಿ ಕಾಫಿಗೆ ಇಡುತ್ತಿದ್ದಳು.

ಸ್ಟೇಡಿಯಮ್ಮಿನಲ್ಲಿ ಪಂದ್ಯದ ದಿನಗಳಿಗೆ ಗಾರ್ಡುಗಳು ಬೇಕೆಂಬ ಕಾಗದವನ್ನು ಅಪಾರ್ಟ್‌ಮೆಂಟಿನ ಲಾಂಡ್ರಿ ಕೋಣೆಯ ಗೋಡೆಯಲ್ಲಿ ಕಂಡಾಗ ಅವನು ಯಾರನ್ನೂ ಕೇಳದೆ ಹೋಗಿ ಸೇರಿಕೊಂಡ. ನಿರುಪಮಾ ಬಸವನಗುಡಿಯವಳು, ತಂದೆ ಕಾಲೇಜಿನಲ್ಲಿ ಪ್ರೊಫೆಸರಾಗಿದ್ದವರು. ಹಳದಿ ಜಾಕೆಟ್ಟು ನೋಡಿದವಳೇ ಬಾಗಿಲು ಮುಚ್ಚಿದಳು.

“ಸೆಕ್ಯುರಿಟಿ ಗಾರ್ಡಾ? ಬೆಂಗಳೂರಲ್ಲಿ ನಮ್ಮಣ್ಣನ ಅಪಾರ್ಟ್‌ಮೆಂಟ್ ಗೇಟಲ್ಲಿ ಸ್ಟೂಲ್ ಹಾಕ್ಕೊಂಡು ಕೂತಿರ್ತಾರಲ್ಲ, ಆ ಥರಾನಾ?”

“ಸ್ಟೂಲ್ ಕೊಡಲ್ಲ. ನಿಂತಿರ್ಬೇಕು.”

“ತಮಾಷೆ ಮಾಡ್ಬೇಡಿ ರೀ. ಕನ್ನಡ ಕೂಟದಲ್ಲಿ ಗೊತ್ತಾದ್ರೆ ನಾನು ಮುಖ ಎತ್ಕೊಂಡು ತಿರುಗಕ್ಕಾಗತ್ತಾ?”

ಕೊನೆಗೆ ಒಪ್ಪಂದವಾಯಿತು. ಕೆಲಸಕ್ಕೆ ಹೋಗಬಹುದು, ಆದರೆ ಯಾರಿಗೂ ತಿಳಿಯಕೂಡದು. ಕೇಳಿದವರಿಗೆ ‘ಕನ್ಸಲ್ಟಿಂಗ್’ ಎನ್ನುವುದು. ಜಾಕೆಟ್ಟು ಕಾರಿನ ಡಿಕ್ಕಿಯಲ್ಲಿ, ಹಳೇ ಬೆಡ್‌ಶೀಟಿನ ಅಡಿಯಲ್ಲಿ ಇರಬೇಕು. ಒಗೆದರೆ ಬಾತ್‌ರೂಮಿನೊಳಗೆ, ಪರದೆಯ ಕಂಬಿಯ ಮೇಲೆ, ಬಾಗಿಲು ಹಾಕಿಯೇ ಒಣಗಬೇಕು. ದ್ವಾರಕಾನಾಥ ಮನೆಯ ಶಾಂತಿಗೆಂದು ಹೂಂ ಎಂದ. ಆದರೆ ಬಾತ್‌ರೂಮಿನ ಕತ್ತಲಲ್ಲಿ ನೇತಾಡುವ ಆ ಜಾಕೆಟ್ಟನ್ನು ನೋಡಿದಾಗಲೆಲ್ಲ ಅವನಿಗೆ ನೋವಾಗುತ್ತಿತ್ತು. ತಾನೇನು ಕಳ್ಳತನ ಮಾಡಿದ್ದೇನೆ ಎಂದು ಕನ್ನಡಿಯನ್ನು ಕೇಳುತ್ತಿದ್ದ.

ಫೈನಲ್ಲಿನ ದಿನ ಬೆಳಿಗ್ಗೆ ಅವನ ಸೂಪರ್‌ವೈಸರ್ ಡೊಲೊರೆಸ್ ಎಂಬ ಗಟ್ಟಿ ದನಿಯ ಹೆಂಗಸು ಎಲ್ಲರನ್ನೂ ಸಾಲಾಗಿ ನಿಲ್ಲಿಸಿದಳು. ಫೋನುಗಳನ್ನು ಲಾಕರಿನಲ್ಲಿ ಇಡಿಸಿದಳು. ಆಮೇಲೆ ದ್ವಾರಕಾನಾಥನನ್ನು ಪಕ್ಕಕ್ಕೆ ಕರೆದು ಇಂಗ್ಲಿಷಿನಲ್ಲಿ ಹೇಳಿದ ಮಾತಿನ ಸಾರ ಇಷ್ಟು: ಸೀಸನ್ನಿಗೆಂದು ಬಂದವರಲ್ಲಿ ಕೆಲವರನ್ನು ವರ್ಷಪೂರ್ತಿಯ ಕೆಲಸಕ್ಕೆ ತೆಗೆದುಕೊಳ್ಳುತ್ತಾರೆ, ಅವರಿಗೆ ಮನೆಮಂದಿಗೂ ಸೇರಿ ಆರೋಗ್ಯ ವಿಮೆ ಇರುತ್ತದೆ, ನಿನ್ನ ಹೆಸರು ಹೇಳಿದ್ದೇನೆ. “ಆದರೆ ಇವತ್ತು ನಿನ್ನ ಮೆಟ್ಟಿಲಲ್ಲಿ ಒಬ್ಬನೂ ಕೆಳಗಿಳಿಯಬಾರದು. ನಿನ್ನ ಕುತ್ತಿಗೆ ಒಂದು ಸಲವೂ ತಿರುಗಬಾರದು. ಮೇಲಿನಿಂದ ಕ್ಯಾಮೆರಾ ನೋಡುತ್ತಿರುತ್ತದೆ, ಅದರ ಹಿಂದೆ ಕೂತವರಿಗೆ ನನ್ನಷ್ಟು ಕರುಣೆ ಇಲ್ಲ.”

ನಿರುಪಮಾಳ ಸಕ್ಕರೆ ಕಾಯಿಲೆಗೆ ವಿಮೆ ಎಂದರೆ ಏನೆಂದು ದ್ವಾರಕಾನಾಥನಿಗೆ ಯಾರೂ ಬಿಡಿಸಿ ಹೇಳಬೇಕಾಗಿರಲಿಲ್ಲ. ಪಂದ್ಯ ಮುಗಿಯುವವರೆಗೆ ಈ ಮೆಟ್ಟಿಲು ಕಾಯುವುದು, ಅಷ್ಟೇ. ಹೋಗಿ ಬೆನ್ನು ನೆಟ್ಟಗೆ ಮಾಡಿ ನಿಂತ.

ಆಟ ಶುರುವಾಯಿತು. ಬೆನ್ನ ಹಿಂದೆ ಹೆಲ್ಮೆಟ್ಟು ಹೆಲ್ಮೆಟ್ಟಿಗೆ ಬಡಿಯುವ ಸದ್ದು ಕೇಳುತ್ತಿತ್ತು. ಮುಂದೆ ಸಾವಿರಾರು ಮುಖಗಳು. ಒಂದು ಕಡೆ ನೀಲಿ ಅಂಗಿಯವರು, ಇನ್ನೊಂದು ಕಡೆ ಬಿಳಿ ಅಂಗಿಯವರು. ಸೀಸನ್ನಿಡೀ ನಿಂತು ನಿಂತು ಅವನಿಗೆ ಮುಖಗಳಲ್ಲೇ ಆಟ ಓದುವುದು ರೂಢಿಯಾಗಿತ್ತು. ಎಲ್ಲರ ಕತ್ತು ಒಟ್ಟಿಗೆ ಎಡಕ್ಕೆ ಹೊರಳಿದರೆ ಚೆಂಡು ದೂರ ಹಾರಿದೆ. ಬಾಯಿ ತೆರೆದು ಹಾಗೇ ಉಳಿದರೆ ಹಿಡಿಯುವವನ ಕೈ ತಪ್ಪಿದೆ. ಆವತ್ತು ಯಾವ ಕತ್ತೂ ಹೆಚ್ಚು ಹೊರಳಲಿಲ್ಲ. ಚೆಂಡು ಹಿಡಿದವನು ಮುಂದೆ ಹೋಗುತ್ತಲೇ ಇರಲಿಲ್ಲ, ಎದುರಿನವರು ಬಿಡುತ್ತಲೇ ಇರಲಿಲ್ಲ. ಅರ್ಧ ಆಟ ಮುಗಿದಾಗ ನೀಲಿಯವರಿಗೆ ಮೂರು, ಬಿಳಿಯವರಿಗೆ ಸೊನ್ನೆ.

ಜನರಿಗೆ ಬೇಜಾರಾಗತೊಡಗಿತು. ದೊಡ್ಡ ದೊಡ್ಡ ಓಟ, ಹಾರಾಟ ನೋಡಬೇಕೆಂದು ದೇಶದ ಆ ತುದಿಯಿಂದ ವಿಮಾನ ಹತ್ತಿ ಬಂದವರು. ಕೆಲವರು ಆಕಳಿಸಿದರು, ಕೆಲವರು ಫೋನು ತೀಡುತ್ತ ಕೂತರು, ಒಬ್ಬ ಹೆಂಗಸು ಗಂಡನ ಹೆಗಲ ಮೇಲೆ ತಲೆಯಿಟ್ಟು ನಿದ್ದೆಯನ್ನೇ ಮಾಡಿದಳು. ದ್ವಾರಕಾನಾಥನಿಗೋ ಎದೆ ತುಂಬಿ ಬರುತ್ತಿತ್ತು. ಇಂಥದ್ದೊಂದು ಪಂದ್ಯಕ್ಕಾಗಿ ಅರವಿಂದನ ಕಾರ್ಪೆಟ್ಟಿನ ಮೇಲೆ ಅವನು ಎಷ್ಟೋ ವರ್ಷ ಕಾದಿದ್ದ. ಎರಡೂ ಕಡೆಯ ತಡೆಗಾರರು ಒಬ್ಬರನ್ನೊಬ್ಬರು ಮೀರಿಸುವ ಹಾಗೆ ಆಡುವ ಪಂದ್ಯ. ಅದು ಕೊನೆಗೂ ಬಂದಿತ್ತು, ಬೆನ್ನ ಹಿಂದೆ ಬಂದಿತ್ತು. ಎಂಥ ಹಣೆಬರಹ ನೋಡಿ.

ಮೆಟ್ಟಿಲ ಪಕ್ಕದ ಮೊದಲ ಸೀಟಿನಲ್ಲಿ ಕಂದು ಟೋಪಿಯ ಒಬ್ಬ ಮುದುಕ ಕೂತಿದ್ದ. ಬಿಳಿಯವರ ಕಡೆಯವನು, ಒಬ್ಬನೇ ಬಂದಿದ್ದ. ಇಡೀ ಸಾಲಿನಲ್ಲಿ ಸೀಟಿನ ತುದಿಗೆ ಬಂದು ಕೂತಿದ್ದವನು ಅವನೊಬ್ಬನೇ. ದ್ವಾರಕಾನಾಥನ ಕಣ್ಣು ತನ್ನ ಮುಖಕ್ಕೇ ಮತ್ತೆ ಮತ್ತೆ ಬರುವುದನ್ನು ಅವನು ಗಮನಿಸಿದ್ದ.

“ನಿನಗೆ ತಿರುಗಿ ನೋಡಲು ಬಿಡುವುದಿಲ್ಲ, ಅಲ್ಲವಾ?” ಎಂದು ಇಂಗ್ಲಿಷಿನಲ್ಲಿ ಕೇಳಿದ.

“ಇಲ್ಲ ಸರ್.”

“ಘೋರ ಅನ್ಯಾಯ,” ಎಂದ ಮುದುಕ. ಅಂದಿನಿಂದ, ಎಂದರೆ ಆ ನಿಮಿಷದಿಂದ, ಅವನು ದ್ವಾರಕಾನಾಥನಿಗೆ ಕಾಮೆಂಟರಿಗಾರನಾದ. ಚುಟುಕಾಗಿ, ಗೊಗ್ಗರು ದನಿಯಲ್ಲಿ. “ಎರಡು ಗಜ, ಅಷ್ಟೇ.” “ಮತ್ತೆ ತಡೆದರು.” “ಒದ್ದರು. ಮೂರು–ಮೂರು.” ಕೊನೆಯ ಭಾಗದ ಹೊತ್ತಿಗೆ ಬಿಳಿಯವರು ಇನ್ನೊಂದು ಸಲ ಒದ್ದು ಆರಕ್ಕೆ ಹೋಗಿದ್ದರು. ಆರು–ಮೂರು. ಆಗ ನೀಲಿಯವರಿಗೆ ಎಲ್ಲಿಂದಲೋ ಹುರುಪು ಬಂತು. ಕತ್ತುಗಳೆಲ್ಲ ಒಟ್ಟಿಗೆ ಹೊರಳಿದವು, ನಿದ್ದೆ ಮಾಡುತ್ತಿದ್ದ ಹೆಂಗಸು ಎದ್ದು ನಿಂತಳು. ನೀಲಿಯವರು ಮುಂದೊತ್ತಿ ಬಂದು ದ್ವಾರಕಾನಾಥನ ನೇರ ಹಿಂದಿದ್ದ ಆ ಕೊನೆಯ ಗೆರೆಯ ಬುಡಕ್ಕೇ ತಲುಪಿದರು.

“ಒಂದು ಗಜ,” ಎಂದ ಮುದುಕ. ಅವನ ಮುಖ ಬಿಳಿಚಿತ್ತು. “ಒಂದೇ ಗಜ ಉಳಿದಿದೆ. ನಾಲ್ಕೂ ಅವಕಾಶ ಕೈಲಿದೆ.”

ಆಗಲೇ ಮೆಟ್ಟಿಲ ಮೇಲಿನಿಂದ “ಎಕ್ಸ್‌ಕ್ಯೂಸ್ ಮಿ, ಎಕ್ಸ್‌ಕ್ಯೂಸ್ ಮಿ” ಎನ್ನುತ್ತ ಒಬ್ಬ ಇಳಿದು ಬಂದ. ಹೊಚ್ಚ ಹೊಸ ನೀಲಿ ಜರ್ಸಿ, ಮಡಿಕೆಯ ಗೆರೆ ಕೂಡ ಹೋಗಿರಲಿಲ್ಲ. ಹಿಂದೆ ಸೂಟು ಹಾಕಿದ ಎತ್ತರದ ಅಮೆರಿಕನ್ನನೊಬ್ಬ. ದ್ವಾರಕಾನಾಥ ಕೈಯನ್ನು ಅಡ್ಡ ಚಾಚಿ, ಆಮೇಲೆ ಮುಖ ನೋಡಿದ. ಅರವಿಂದ.

“ಅಯ್ಯೋ! ದ್ವಾರಕಿ? ಏನೋ ಇದು ವೇಷ?”

ದ್ವಾರಕಾನಾಥನಿಗೆ ಚಿಂತೆ ಹತ್ತಿತು. ತನ್ನ ಬಗ್ಗೆ ಅಲ್ಲ, ನಿರುಪಮಾಳ ಬಗ್ಗೆ. ಅರವಿಂದ ಈ ವರ್ಷ ಮನೆಯಲ್ಲಿ ಪಾರ್ಟಿ ಇಲ್ಲ, ಕಂಪನಿ ಟಿಕೆಟ್ಟಿನಲ್ಲಿ ಸ್ಟೇಡಿಯಮ್ಮಿಗೇ ಹೋಗುತ್ತಿದ್ದೇನೆ ಎಂದು ಊರಿಗೆಲ್ಲ ಡಂಗುರ ಹೊಡೆದಿದ್ದ. ಆದರೂ ಅಷ್ಟು ಸಾವಿರ ಜನರಲ್ಲಿ ತನ್ನ ಮೆಟ್ಟಿಲಿಗೇ ಬರುತ್ತಾನೆಂದು ಯಾರಿಗೆ ಗೊತ್ತು?

“ಡ್ಯೂಟಿ ಮೇಲಿದೀನಿ ಕಣೋ,” ಎಂದ.

“ಡ್ಯೂಟಿನಾ? ನಿರುಪಮಾ ಅವರು ಕನ್ಸಲ್ಟಿಂಗ್ ಅಂತಿದ್ರು?”

ದ್ವಾರಕಾನಾಥ ಚಾಚಿದ ಕೈಯನ್ನು ಇಳಿಸಲಿಲ್ಲ. ಅರವಿಂದನಿಗೆ ಉತ್ತರ ಬೇಕಾಗಿರಲಿಲ್ಲ. ಎದುರಿಗೆ ಸಿಕ್ಕ ಯಾವುದನ್ನೂ ತನ್ನ ಉಪಯೋಗಕ್ಕೆ ತಿರುಗಿಸಿಕೊಳ್ಳುವ ಜಾಣ ಅವನು, ಆ ಜಾಣತನವೇ ಕ್ಯುಪರ್ಟಿನೋದ ಮನೆ ಕಟ್ಟಿದ್ದು. ಹಿಂದಿದ್ದವನ ಕಡೆ ತಿರುಗಿ ಇಂಗ್ಲಿಷಿನಲ್ಲಿ, “ನಮ್ಮ ಅದೃಷ್ಟ ಬಾಸ್, ಇವನು ನನ್ನ ಕಾಲೇಜು ಗೆಳೆಯ. ಏನೂ ತೊಂದರೆ ಇಲ್ಲ, ಬನ್ನಿ” ಎಂದ. ಆಮೇಲೆ ದನಿ ತಗ್ಗಿಸಿ ಕನ್ನಡದಲ್ಲಿ, “ಗೋಡೆ ಹತ್ರ ಹೋಗಿ ಒಂದು ಫೋಟೋ ಕಣೋ. ಹಿಂದ್ಗಡೆ ಆಟ ಕಾಣೋ ಹಾಗೆ. ಎರಡೇ ನಿಮಿಷ. ಸ್ವಲ್ಪ ಅಡ್ಜಸ್ಟ್ ಮಾಡ್ಕೋ” ಎಂದ.

ಅಡ್ಜಸ್ಟ್. ಮೂವರು ಕೂತ ರೈಲಿನ ಸೀಟಿನಲ್ಲಿ ನಾಲ್ಕನೆಯವನಾಗಿ ತೂರಿಕೊಳ್ಳುವವನ ಬಾಯಲ್ಲಿ ಬರುವ ಮಾತು. ಕೇಳಿಸಿದ ಕೂಡಲೇ ನಮ್ಮವರ ಕುಂಡೆ ತಾನಾಗಿ ಪಕ್ಕಕ್ಕೆ ಸರಿಯುತ್ತದೆ. ದ್ವಾರಕಾನಾಥನ ಕಾಲೂ ಒಂದು ಗೇಣು ಸರಿಯಿತು, ಸುಳ್ಳು ಯಾಕೆ ಹೇಳಲಿ. ಆದರೆ ಅಷ್ಟಕ್ಕೆ ನಿಂತಿತು.

“ಆಗಲ್ಲ ಕಣೋ. ಯಾರನ್ನೂ ಬಿಡೋ ಹಾಗಿಲ್ಲ.”

“ಯಾರನ್ನೋ ಬಿಡು ಅಂದ್ನಾ? ನನ್ನ ಬಿಡು ಅಂದೆ.”

“ನಿನ್ನೂ ಬಿಡಲ್ಲ.”

“ತಡೆದರು!” ಎಂದು ಪಕ್ಕದಿಂದ ಮುದುಕ ಚೀರಿದ. “ಮೊದಲನೆಯದು ತಡೆದರು! ಒಂದಿಂಚೂ ಬಿಡಲಿಲ್ಲ!”

ಸುತ್ತ ಎಲ್ಲರೂ ಎದ್ದು ನಿಂತಿದ್ದರು. ಅರವಿಂದ ಬಾಸಿನ ಕಡೆ ನೋಡಿ ಹಲ್ಲು ಕಿರಿದು, ಮತ್ತೆ ಇವನ ಕಡೆ ತಿರುಗಿದ. “ಲೋ, ಹಾಸ್ಟೆಲಲ್ಲಿ ನಾವು ಒಂದೇ ತಟ್ಟೇಲಿ ಉಂಡಿದೀವಿ. ಇವನು ನನ್ನ ಬಾಸ್ ಕಣೋ. ನಮ್ಮೋನು ಇದಾನೆ ಅಂತ ಬಾಯಿ ಬಿಟ್ಟು ಹೇಳ್ಬಿಟ್ಟಿದೀನಿ. ಈಗ ನನ್ನ ಮುಖಕ್ಕೆ ಮಸಿ ಬಳೀತೀಯಾ?”

“ನೀನು ಹೇಳೋಕ್ ಮುಂಚೆ ನನ್ನ ಕೇಳ್ಬೇಕಿತ್ತು.”

ಮಾತು ಮುಗಿಯುವ ಮೊದಲೇ ಅರವಿಂದ ಬಗ್ಗಿ ಅವನ ತೋಳಿನ ಅಡಿಯಿಂದ ನುಸುಳಲು ಹೋದ. ಐವತ್ತೇಳರ ವಯಸ್ಸಿನ ಬೊಜ್ಜು, ಅದಕ್ಕೆ ನುಸುಳುವ ಆಟ ಒಗ್ಗುವುದಿಲ್ಲ. ದ್ವಾರಕಾನಾಥ ಅವನನ್ನು ಮುಟ್ಟಲೂ ಇಲ್ಲ, ಅರ್ಧ ಹೆಜ್ಜೆ ಪಕ್ಕಕ್ಕೆ ಬಂದು ಎದೆಯೊಡ್ಡಿ ನಿಂತ. ಅರವಿಂದ ಬಂದು ಆ ಹಳದಿ ಜಾಕೆಟ್ಟಿಗೆ ಢಿಕ್ಕಿ ಹೊಡೆದು ಹಿಂದಕ್ಕೆ ಹೋದ. ಮುದುಕ ಅದೇನನ್ನೋ ಮತ್ತೆ ಕೂಗಿದ, ಗದ್ದಲದಲ್ಲಿ ಮಾತು ಕೇಳಿಸಲಿಲ್ಲ. ಅವನ ಮುಷ್ಟಿ ಮಾತ್ರ ಗಾಳಿಯಲ್ಲಿ ಮೇಲಕ್ಕೆ ಹೋದದ್ದು ಕಂಡಿತು.

ಬಾಸಿನ ಮುಖ ಕೆಂಪಾಗಿತ್ತು. “ಬಿಡಿ, ವಾಪಸ್ ಹೋಗೋಣ,” ಎಂದು ಅವನು ಮೆಟ್ಟಿಲು ಹತ್ತತೊಡಗಿದ. ಅದು ಅರವಿಂದನಿಗೆ ಇನ್ನಷ್ಟು ಚುಚ್ಚಿತು. ಜರ್ಸಿ ಸರಿ ಮಾಡಿಕೊಂಡು, ಮೆಲ್ಲಗೆ, ತುಂಬ ಸ್ನೇಹದಿಂದ ಎನ್ನುವ ಹಾಗೆ ಹೇಳಿದ:

“ನೋಡು ದ್ವಾರಕಿ, ಇಲ್ಲಿ ನಾನೇನೂ ನೋಡಿಲ್ಲ. ಕೂಟದಲ್ಲಿ ಯಾರ ಹತ್ರಾನೂ ಬಾಯಿ ಬಿಡಲ್ಲ. ನಿರುಪಮಾ ಅವರ ಕನ್ಸಲ್ಟಿಂಗ್ ಕಥೆ ಹಾಗೇ ಇರ್ಲಿ. ನನ್ನ ಮರ್ಯಾದೆ ನೀನು ಉಳಿಸು, ನಿನ್ನ ಮರ್ಯಾದೆ ನಾನು ಉಳಿಸ್ತೀನಿ.”

ದ್ವಾರಕಾನಾಥನ ಮೈಯೆಲ್ಲ ಉರಿದುಹೋಯಿತು. ಎರಡು ವರ್ಷ ನುಂಗಿಕೊಂಡದ್ದೆಲ್ಲ ಒಟ್ಟಿಗೆ ಗಂಟಲಿಗೆ ಬಂತು. ಇಂಟರ್‌ವ್ಯೂ ಮಾಡಿದ ಮಕ್ಕಳ ನಯವಾದ ನಗು, ಗುಂಡಿ ಬಿದ್ದ ಸೋಫಾ, ಬಾತ್‌ರೂಮಿನ ಕತ್ತಲು, ಆ ಸುಡುಗಾಡು ಕನ್ಸಲ್ಟಿಂಗು. ಇಷ್ಟು ದಿನ ಹೆಂಡತಿಯ ಮಾತಿಗೆ ಹೂಂ ಎಂದದ್ದು ಸಾಕು ಎನ್ನಿಸಿತು. ಅವಳು ಅತ್ತರೆ ಮನೆಗೆ ಹೋಗಿ ಸಮಾಧಾನ ಮಾಡಿದರಾಯಿತು.

“ನನ್ನ ಮರ್ಯಾದೆ ಎಲ್ಲಿಗೂ ಹೋಗಿಲ್ಲ ಕಣೋ, ಇಲ್ಲೇ ನಿಂತಿದೆ,” ಎಂದ. ದನಿ ಅವನಿಗೇ ಹೊಸದಾಗಿ ಕೇಳಿಸಿತು. “ಫೋಟೋ ತಾನೇ ಬೇಕು? ತೆಗೀ. ನನ್ನದೇ ತೆಗೀ. ಕೂಟದ ಗ್ರೂಪಿಗೆ ಹಾಕು, ಹೆಸರು ಸಮೇತ ಹಾಕು. ಆದ್ರೆ ಈ ಮೆಟ್ಟಿಲು ಮಾತ್ರ ಇಳೀಬೇಡ.”

ಹೀಗೆಂದು ಎರಡೂ ಕೈಗಳನ್ನು ಅಗಲ ಚಾಚಿ, ಗದ್ದ ಎತ್ತಿ ನಿಂತುಬಿಟ್ಟ. ಅರವಿಂದ ಒಂದು ಕ್ಷಣ ಬೆಪ್ಪಾದ. ಆಮೇಲೆ ಸಿಟ್ಟಿನಿಂದ ಫೋನು ಎತ್ತಿದ. “ತಗೋ ಹಾಗಾದ್ರೆ,” ಎಂದು ಒತ್ತಿದ.

ಅದೇ ಗಳಿಗೆಯಲ್ಲಿ ಸ್ಟೇಡಿಯಮ್ಮು ಸಿಡಿಯಿತು. ಅಂಥ ಸದ್ದನ್ನು ದ್ವಾರಕಾನಾಥ ಜನ್ಮದಲ್ಲಿ ಕೇಳಿರಲಿಲ್ಲ. ಕಾಲಡಿಯ ಸಿಮೆಂಟು ಅದುರಿತು. ಹಿಂದೆ ಹತ್ತು ಮಾರು ದೂರದಲ್ಲಿ, ಅವನು ಬದುಕೆಲ್ಲ ನೋಡಬೇಕೆಂದಿದ್ದದ್ದು ನಡೆಯುತ್ತಿತ್ತು. ಅವನ ಕುತ್ತಿಗೆಯ ನರಗಳು ತಾವಾಗಿಯೇ ಎಳೆದವು. ತಿರುಗಿದ್ದರೆ ಯಾರು ಬಯ್ಯುತ್ತಿದ್ದರು, ಆ ಗದ್ದಲದಲ್ಲಿ ಕ್ಯಾಮೆರಾದವರೂ ಆಟವನ್ನೇ ನೋಡುತ್ತಿದ್ದಿರಬೇಕು. ಅವನು ಹಲ್ಲು ಕಚ್ಚಿ ಮುದುಕನ ಮುಖದ ಮೇಲೆ ಕಣ್ಣು ನೆಟ್ಟ. ಮುದುಕನ ಬಾಯಿ ತೆರೆದಿತ್ತು, ಕಣ್ಣು ಮಿಟುಕುತ್ತಿರಲಿಲ್ಲ. ಆಮೇಲೆ ಆ ಮುಖ ನಿಧಾನವಾಗಿ ಬಿರಿಯಿತು, ಸುಕ್ಕಿನ ಮೇಲೆ ನೀರು ಇಳಿಯಿತು, ಕಂದು ಟೋಪಿ ಆಕಾಶಕ್ಕೆ ಹಾರಿತು.

“ನಾಲ್ಕೂ ಸಲ! ನಾಲ್ಕೂ ಸಲ ತಡೆದರು!” ಎಂದು ಅವನು ದ್ವಾರಕಾನಾಥನ ಕೈ ಹಿಡಿದು ಕುಲುಕಿದ. “ಅಯ್ಯೋ, ನೀನು ನೋಡಲೇ ಇಲ್ಲವಲ್ಲ ಮಾರಾಯ!”

“ಇಲ್ಲ ಸರ್, ನೋಡಲಿಲ್ಲ,” ಎಂದು ದ್ವಾರಕಾನಾಥ ನಕ್ಕ. ಮೆಟ್ಟಿಲ ಮೇಲೆ ಅರವಿಂದ ಇರಲಿಲ್ಲ.

ಪಂದ್ಯ ಆರು–ಮೂರರಲ್ಲೇ ಮುಗಿಯಿತು. ಜನ ಖಾಲಿಯಾದ ಮೇಲೆ ಡೊಲೊರೆಸ್ ಬಂದು, “ಆ ನೀಲಿ ಜರ್ಸಿಯವನು ಯಾರು? ಮೇಲಿನವರು ಕೇಳುತ್ತಿದ್ದರು,” ಎಂದಳು.

“ನನ್ನ ಕಾಲೇಜು ಗೆಳೆಯ.”

ಅವಳು ಅವನನ್ನು ಮೇಲಿಂದ ಕೆಳಗೆ ನೋಡಿ, ಹೊಟ್ಟೆ ಕುಣಿಯುವ ಹಾಗೆ ನಕ್ಕು, ಬುಧವಾರ ಆಫೀಸಿಗೆ ಬಂದು ಸಹಿ ಹಾಕಲು ಹೇಳಿದಳು.

ಲಾಕರಿನಿಂದ ಫೋನು ತೆಗೆದುಕೊಂಡು, ಕ್ಯಾಂಪ್‌ಬೆಲ್ ಕಡೆಯ ಲೈಟ್ ರೈಲು ಹತ್ತಿ, ಸೀಟು ಸಿಕ್ಕ ಮೇಲೆ ಗ್ರೂಪು ತೆರೆದ. ಅರವಿಂದ ಮಾತಿಗೆ ತಪ್ಪುವವನಲ್ಲ. ಫೋಟೋ ಹಾಕಿದ್ದ, ಕೆಳಗೆ ‘ನಮ್ಮ ದ್ವಾರಕಿಯ ಹೊಸ ಕನ್ಸಲ್ಟಿಂಗು’ ಎಂದು ಬರೆದು ನಗುವ ಮುಖಗಳ ಸಾಲು ಅಂಟಿಸಿದ್ದ. ಕೆಲವರು ತಾವೂ ನಗುವ ಮುಖ ಹಾಕಿದ್ದರು. ಇನ್ನು ಕೆಲವರದು ಅದಕ್ಕಿಂತ ಕೆಟ್ಟದ್ದು, ಮರುಕ. ‘ಛೆ, ಕಷ್ಟ ಇದ್ರೆ ಒಂದ್ ಮಾತು ಹೇಳ್ಬಾರ್ದಿತ್ತಾ?’ ಅದರ ಕೆಳಗೆ ನಿರುಪಮಾಳ ಹೆಸರು ಕಂಡಿತು. ದ್ವಾರಕಾನಾಥ ಒಂದು ಸ್ಟೇಷನ್ನು ದಾಟುವವರೆಗೂ ಅದನ್ನು ಓದಲು ಧೈರ್ಯ ಮಾಡಲಿಲ್ಲ.

‘ಹೌದು, ನಮ್ಮ ಯಜಮಾನ್ರೇ,’ ಎಂದು ಬರೆದಿದ್ದಳು. ‘ಅಲ್ಲಿ ಸೆಕ್ಯುರಿಟಿ ಕೆಲಸದಲ್ಲಿದಾರೆ. ಅರವಿಂದ ಅವರೇ, ಫೋಟೋ ತುಂಬ ಹತ್ರದಿಂದ ತೆಗೆದಿದೀರ. ನೀವು ಅಲ್ಲಿಗೆ ಯಾಕೆ ಬಂದಿದ್ರಿ? ಕೆಳಗೆ ಬಿಟ್ರಾ ನಿಮ್ಮನ್ನ?’

ಆಮೇಲೆ ಆ ಗ್ರೂಪಿನಲ್ಲಿ ಯಾರೂ ಏನೂ ಬರೆದಿರಲಿಲ್ಲ.

ಮನೆಯ ಬಾಗಿಲು ತೆರೆದಾಗ ನಿರುಪಮಾ ಫೋನು ಹಿಡಿದುಕೊಂಡೇ ನಿಂತಿದ್ದಳು. ಕಣ್ಣು ಊದಿತ್ತು, ಆದರೆ ಸಿಟ್ಟಿನಲ್ಲಿ ಮೂಗು ಅರಳಿತ್ತು. ಅವನು ಬಾಯಿ ತೆರೆಯುವ ಮೊದಲೇ ಶುರು ಮಾಡಿದಳು.

“ಏನಂದ್ಕೊಂಡಿದಾರೆ ಅವರು? ಮುಚ್ಚಿಡೋದು ಬಿಚ್ಚಿಡೋದು ನನ್ನಿಷ್ಟ. ನನ್ನ ಗಂಡನ್ನ ನೋಡಿ ನಗಕ್ಕೆ ಇವರ್ಯಾರು?” ಆಮೇಲೆ ದನಿ ಇಳಿಯಿತು. “ಎರಡು ವರ್ಷ ಆಯ್ತು ರೀ, ನೀವು ಹೀಗೆ ನೆಟ್ಟಗೆ ನಿಂತಿದ್ದು ನೋಡಿ. ಈ ಫೋಟೋ ನೋಡಿ ನಂಗೆ ನಾಚಿಕೆ ಆಯ್ತು. ನಿಮ್ಮಿಂದ ಅಲ್ಲ.”

ದ್ವಾರಕಾನಾಥ ಬೂಟು ಬಿಚ್ಚುತ್ತ, ಕೆಲಸ ಖಾಯಂ ಆಯಿತು, ವಿಮೆ ಬರುತ್ತದೆ ಎಂದ. ಅವಳು ಅದನ್ನು ಕೇಳಿಸಿಕೊಂಡು, ಸೆರಗಿಲ್ಲದ ಚೂಡಿದಾರದ ತೋಳಿನಲ್ಲೇ ಮೂಗು ಒರೆಸಿಕೊಂಡು, ಫೋಟೋವನ್ನು ಬೆರಳಿನಿಂದ ಹಿಗ್ಗಿಸಿ ತೋರಿಸಿದಳು.

“ಇದೇನ್ರೀ, ನಿಮ್ಮ ಹಿಂದೆ? ರಾಶಿ ಜನ ಒಬ್ಬರ ಮೇಲೊಬ್ಬರು ಬಿದ್ದಿದಾರಲ್ಲ?”

ಅವನು ಕನ್ನಡಕ ಏರಿಸಿ ನೋಡಿದ. ಚಾಚಿದ ತನ್ನ ಬಲಗೈಯ ಮೇಲ್ಗಡೆ, ಬಿಳಿ ಗೆರೆಯ ಮೇಲೆ, ನೀಲಿ ಬಿಳಿ ಅಂಗಿಗಳ ದೊಡ್ಡ ಗುಡ್ಡೆ. ಗುಡ್ಡೆಯ ಅಡಿಯಿಂದ ಒಂದು ಕೈ ಚೆಂಡು ಹಿಡಿದು ಮುಂದಕ್ಕೆ ನೀಡಿತ್ತು. ಚೆಂಡು ಗೆರೆ ದಾಟದೆ ಆಚೆಗೇ ಉಳಿದಿತ್ತು. ಅವನು ಬಹಳ ಹೊತ್ತು ಅದನ್ನೇ ನೋಡಿದ. ಆಮೇಲೆ ಸೋಫಾದಲ್ಲಿ ಅವಳನ್ನು ಪಕ್ಕಕ್ಕೆ ಕೂರಿಸಿಕೊಂಡು, ಹತ್ತು ಗಜ ಎಂದರೆ ಏನು, ನಾಲ್ಕು ಅವಕಾಶ ಎಂದರೆ ಏನು ಎಂದು ಮೊದಲಿನಿಂದ ಹೇಳಿದ. ಇಷ್ಟು ವರ್ಷ ತಂಬೋಲಾ ಆಡಿದವಳು ಮೊದಲ ಸಲ ಕೇಳಿಸಿಕೊಂಡಳು.

ಮರುದಿನ ಬೆಳಿಗ್ಗೆ ಹಲ್ಲುಜ್ಜಲು ಬಾತ್‌ರೂಮಿಗೆ ಹೋದಾಗ ರಾತ್ರಿ ಜಾಕೆಟ್ಟು ಒಗೆದು ಹಾಕಿದ್ದ ಪರದೆಯ ಕಂಬಿ ಖಾಲಿಯಿತ್ತು. ಹುಡುಕಿಕೊಂಡು ಹಾಲಿಗೆ ಬಂದ. ನಿರುಪಮಾ ಬಾಲ್ಕನಿಯ ಕಟಾಂಜನದ ಮೇಲೆ ಒಗೆದ ಹಳದಿ ಜಾಕೆಟ್ಟನ್ನು ಹರವಿ, ನಾಲ್ಕು ಕ್ಲಿಪ್ಪು ಸಿಕ್ಕಿಸುತ್ತಿದ್ದಳು. ಬೆನ್ನಿನ ಅಷ್ಟಗಲ ಅಕ್ಷರಗಳು ಪಾರ್ಕಿಂಗ್ ಲಾಟಿನ ಕಡೆಗೆ, ರಸ್ತೆಯಲ್ಲಿ ಹೋಗುವವರಿಗೂ ಕಾಣುವ ಹಾಗೆ ಇದ್ದವು. ದ್ವಾರಕಾನಾಥ ಗಾಬರಿಯಾದ.

“ರೂಲ್ಸಿದೆ ಕಣೇ, ಬಾಲ್ಕನೀಲಿ ಬಟ್ಟೆ ಒಣಗಿಸೋ ಹಾಗಿಲ್ಲ. ಮ್ಯಾನೇಜರ್ ಬರ್ತಾನೆ.”

“ಬರ್ಲಿ,” ಎಂದಳು ನಿರುಪಮಾ, ಕೊನೆಯ ಕ್ಲಿಪ್ಪನ್ನು ಒತ್ತುತ್ತ. “ಇವತ್ತು ಬಾಗಿಲಲ್ಲಿ ನಾನು ನಿಂತ್ಕೋತೀನಿ. ನೀವು ಕೂತ್ಕೊಂಡು ಕಾಫಿ ಕುಡೀರಿ.”